ಹೆಣದ ಪಾತ್ರಕ್ಕ ನಾನೇ ಕುಂತೆ

ಮಂದಿನ್ನ ನಗಸೂದು ನನ್ನ ಕೆಲಸ, ಅಂಜೂದು ನನ್ನ ಹಣೇಬರಹ. ಕಲಬುರಗಿಯ ಒಂದು ಸಣ್ಣ ಕೇಬಲ್ ಟಿವಿಗೆ ವಾರಕ್ಕೊಂದು ಹಾಸ್ಯದ ಎಪಿಸೋಡ್ ಬರೀತೀನಿ. ಯಾವನರೇ ನಟ ಕೈ ಕೊಟ್ರ ನಾನೇ ಮಾರಿಗೆ ಪೌಡರ್ ಹಚ್ಕೊಂಡು ನಿಂದರ್ತೀನಿ. ಬರದ್ರೂ ಅಂಜಿಕಿ, ನಿಂತ್ರೂ ಅಂಜಿಕಿ.

ಆಟೋದಾಗ

ಒಮ್ಮೆ ಬರೇ ಸುಳ್ಳು ಹೇಳೂ ಆಟೋದವನ ಪಾತ್ರ ಬರದೆ. ಮರುದಿನ ಸ್ಟೇಶನ್ ಬಜಾರದಾಗ ಗಿರಿಜಾ ಮೀಸಿ ಆಟೋದಾಂವ ಒಬ್ಬ ಅಡ್ಡ ನಿಂತ.

"ಆ ಆಟೋದವಂದು ಬರದಾವ್ರು ನೀವೇ ಏನ್ರೀ?"

ಹೌದಂದೆ.

"ಕುಂದರ್ರಿ."

ಕುಂತೆ. ಆಟೋ ಸೀದಾ ಕೋಟನೂರ ಕಡೆ ಹೊಡದ. ಇಂವ ಇವತ್ತ ಬಡೀತಾನ ಅಂತ ನಾ ಕಂಬಿ ಗಟ್ಟಿ ಹಿಡಕೊಂಡೆ. ಒಂದು ಮನಿ ಮುಂದ ಆಟೋ ನಿಲ್ಲಿಸಿ ಹೊಳ್ಳಿ ನೋಡ್ದ.

"ಆ ಪಾತ್ರ ನಂದೇ ಅಂತ ನಮ್ಮ ಮನ್ಯಾಗ ಒಂದ್ ಮಾತ ಹೇಳ್ರಿ ಸಾಹೇಬ್ರ. ನಮ್ಮ ಅಣ್ಣ ಅದು ತನ್ನದು ಅಂತ ಬಡಾಯಿ ಕೊಚ್ಚಾಕತ್ತಾನ."

ಮಾಲಕರ ಮಾರಿ

ನಮ್ಮ ಟಿವಿ ಮಾಲಕರು ನಕ್ಕಿದ್ದು ಯಾರೂ ನೋಡಿಲ್ಲ. ನಾ ಬರದದ್ದು ಓದಿ ಹೇಳಿದ್ರ ಹಲ್ಲು ನೋವು ಬಂದವರಂಗ ಕುಂದರ್ತಾರ. ಒಂದ್ಸಲ ಧೈರ್ಯ ಮಾಡಿ ಕೇಳೇಬಿಟ್ಟೆ, "ನಗಿ ಬರಲಿಲ್ಲೇನ್ರೀ?"

"ಬಂತು. ನಕ್ರ ನೀವು ಪಗಾರ ಜಾಸ್ತಿ ಕೇಳ್ತೀರಿ" ಅಂದ್ರು.

ಸಾವಿನ ಮನಿ

ಹ್ವಾದ ತಿಂಗಳ ಮಾಲಕರು ಖಡಕ್ ಆಗಿ ಹೇಳಿದ್ರು, "ಮಂದಿ ನೋಡವಲ್ರು. ಇನ್ನೊಂದು ಎಪಿಸೋಡ್ ನೋಡ್ತೀನಿ. ಅದೂ ನಡೀಲಿಲ್ಲಂದ್ರ ನಿಮ್ಮ ಕಾರ್ಯಕ್ರಮ ಬಂದ್." ಈ ವಯಸ್ಸಿನಾಗ ನನಗ ಬ್ಯಾರೆ ಕೆಲಸ ಯಾರು ಕೊಡ್ತಾರ?

ಅಂಜಿಕಿಯೊಳಗ ಸಾವಿನ ಮನಿ ಮ್ಯಾಲೇ ಬರದೆ. ಶೂಟಿಂಗ್ ಕಮಲಾಪುರದಾಗ, ನಮ್ಮತ್ತಿ ಮನಿ ಅಂಗಳದಾಗ. ಹೆಣ ಆಗಬೇಕಾದಾಂವ ಬರಲಿಲ್ಲ. ನಾನೇ ಕುಂತೆ. ನಮ್ಮ ಮಂದ್ಯಾಗ ಹೆಣ ಮಲಗಸೂದಿಲ್ಲ, ವಿಭೂತಿ ಹಚ್ಚಿ, ಹಾರ ಹಾಕಿ ಕುಂದರಸ್ತಾರ. ಮಾಲಕರು ಎದುರಿಗೇ ಕುರ್ಚಿ ಹಾಕ್ಕೊಂಡು ಕುಂತ್ರು. ಅಳಾಕ ಕರಕೊಂಡು ಬಂದ ಹೆಣ್ಮಗಳಿಗೆ ಅಳೂನೇ ಬರವಲ್ದು.

ಬಾಗಲಾಗ ನಿಂತು ನೋಡಾಕತ್ತಿದ್ದ ನಮ್ಮತ್ತಿಗೆ ತಡೀಲಿಲ್ಲ. "ಆಕಡೆ ಸರಿಯವಾ, ಹೆಣದ ಮುಂದ ಹಿಂಗ ಅಳ್ತಾರೇನು?" ಅಂತ ಬಂದು ನನ್ನ ಮುಂದ ಕುಂತ್ರು. ಮದುವಿ ಆದಾಗಿಂದ ಅಳಿಯನ ಎದುರು ತಲಿ ಎತ್ತಿ ಮಾತಾಡಿದವರಲ್ಲ. ಆದ್ರ ಸತ್ತಾವ್ರ ಮುಂದ ಹಾಡ್ಯಾಡಿ ಅಳೂವಾಗ ಏನಂದ್ರೂ ನಡೀತದ ನೋಡ್ರಿ.

"ಊರ ಮಂದಿನ್ನ ನಗಸಿದ್ಯೋ ನನ್ನಪ್ಪಾ, ನನ್ನ ಮಗಳ ಮುಂದ ಮಾರಿ ಗಂಟ ಹಾಕ್ಕೊಂಡು ಕುಂತ್ಯೋ. ಹಬ್ಬಕ್ಕ ಕರದ್ರ ಬರಲಿಲ್ಲೋ, ಬಂದ್ರ ಬರ್ಯಾಕ ಕುಂತ್ಯೋ. ತಾಟ ತುಂಬ ಹೋಳಿಗಿ ತಿಂದು ಬೆಲ್ಲ ಕಮ್ಮಿ ಅಂದ್ಯಲ್ಲೋ ನನ್ನಪ್ಪಾ..."

ಮುಂದ ಏನೇನು ಹೊರಗ ಬೀಳ್ತದೋ ಅಂತ ಅಂಜಿದೆ. ಒಂದ್ ಕಣ್ಣು ತಗದು, "ಅತ್ತಿ, ಸಾಕ್ರಿ" ಅಂದೆ.

ಅಳು ನಿಲ್ಲಿಸಿ, ಸೆರಗು ತಲಿ ಮ್ಯಾಲೆ ಎಳಕೊಂಡು ಮೆಲ್ಲಕ ಅಂದ್ರು, "ಸುಮ್ಮ ಕುಂದರ್ರಿ ಅಳಿಯರ. ನಿಮ್ಮ ಮದುವಿ ಮಾತೇ ಇನ್ನಾ ಬಂದಿಲ್ಲ."

ಧಡ್ ಅಂತ ಸಪ್ಪಳಾತು. ಮಾಲಕರು ನಕ್ಕು ನಕ್ಕು ಕುರ್ಚಿ ಸಮೇತ ಬಿದ್ದಿದ್ರು. ಎದ್ದು, ಕಣ್ಣು ಒರಸ್ಕೋತ ನನ್ನ ಹತ್ರ ಬಂದ್ರು.

"ಕಾರ್ಯಕ್ರಮ ನಡೀತದ. ಆದ್ರ ಇನ್ಮ್ಯಾಲೆ ಅಮ್ಮಾರೇ ಮಾತಾಡ್ಲಿ. ನೀವು ಸತ್ತೇ ಇರ್ರಿ."