ರಿಂಗಿಗೆ ಒಂದಡಿ ಕಡಿಮೆ

ಆರಡಿ ದಾಟಿದ ಮನುಷ್ಯನಿಗೆ ನಮ್ಮ ಸೀಮೆಯಲ್ಲಿ ಎರಡೇ ಉದ್ಯೋಗ. ಅಟ್ಟದ ಮೇಲಿನ ಪಾತ್ರೆ ಇಳಿಸಿಕೊಡುವುದು, ಬಾಗಿಲಿಗೆ ಹಣೆ ಬಡಿಸಿಕೊಳ್ಳುವುದು. ನಾನು ಆರಡಿ ನಾಲ್ಕಂಗುಲ ಇದ್ದೇನೆ. ಎರಡನ್ನೂ ಚಾಚೂ ತಪ್ಪದೆ ಮಾಡಿಕೊಂಡು ಬಂದಿದ್ದೇನೆ. ಇವೆರಡರ ನಡುವೆ ನಾನು ಬ್ಯಾಸ್ಕೆಟ್‌ಬಾಲ್ ಆಡಿ ಅದರಿಂದಲೇ ಅನ್ನ ತಿಂದವನು ಎಂಬುದು ನನ್ನ ಹೆಂಡತಿ ನಾಗರತ್ನಳಿಗೂ ಆಗಾಗ ಮರೆತುಹೋಗುತ್ತದೆ. ಊರಿನವರಿಗೆ ಮರೆಯುವ ಕಷ್ಟವೂ ಇಲ್ಲ, ಅವರು ಅದನ್ನು ತಿಳಿದುಕೊಂಡೇ ಇರಲಿಲ್ಲ. ಶಿವನಿ ಸ್ಟೇಷನ್ನಿನಲ್ಲಿ ಇಳಿದು ಒಳದಾರಿ ಹಿಡಿದರೆ ಸಿಗುವ ಸಣ್ಣ ಊರು ನಮ್ಮದು. ಅಲ್ಲಿ ಕಬಡ್ಡಿ ಗೊತ್ತು, ವಾಲಿಬಾಲ್ ಗೊತ್ತು, ಕ್ರಿಕೆಟ್ಟಿನ ಮಾತಂತೂ ಕೇಳುವುದೇ ಬೇಡ. ನನ್ನ ಆಟದ ಹೆಸರು ಹೇಳಿದರೆ ಮಾತ್ರ, "ಅದೇ, ಬುಟ್ಟಿಗೆ ಹಾಕೋದಲ್ವಾ?" ಎಂದು ಬದನೆಕಾಯಿ ಕೀಳುವ ಕೆಲಸದ ಹಾಗೆ ಕೇಳುತ್ತಾರೆ.

ನಾನಾಗಿ ಬಯಸಿದ್ದಲ್ಲ ಈ ಆಟ. ಕಡೂರಿನಲ್ಲಿ ಕಾಲೇಜು ಸೇರಲು ಸಾಲಿನಲ್ಲಿ ನಿಂತಿದ್ದಾಗ ಪಿ.ಟಿ. ಮೇಷ್ಟ್ರು ಬಂದು, "ಕೈ ಎತ್ತೋ" ಅಂದರು. ಎತ್ತಿದೆ. "ಇನ್ನೂ ಎತ್ತು" ಅಂದರು. ಇನ್ನೂ ಎತ್ತಿದೆ. "ಸಾಕು ಬಾ, ಹೆಸರು ಆಮೇಲೆ ಬರ್ಕೋತೀನಿ" ಎಂದು ಎಳೆದುಕೊಂಡು ಹೋದರು. ಹೀಗೆ ನಾನು ಫಾರ್ವರ್ಡ್ ಆದೆ. ಫಾರ್ವರ್ಡ್ ಎಂದರೆ ಎಲ್ಲರಿಗಿಂತ ಮುಂದೆ ಇರುವವನು ಎಂದುಕೊಂಡು ನಾನೂ ಮೊದಲು ಬೀಗಿದ್ದೆ. ಆದರೆ ನನ್ನ ಪಾಲಿಗೆ ಬಂದದ್ದು ರಿಂಗಿನ ಬುಡದಲ್ಲಿ ನಿಂತು, ಎದುರಾಳಿಗಳ ಮೊಣಕೈ ತಿಂದು, ತಪ್ಪಿ ಬಂದ ಚೆಂಡನ್ನು ಹಿಡಿದು ಇನ್ನೊಬ್ಬನ ಕೈಗೆ ಕೊಡುವ ಕೆಲಸ. ಆ ಇನ್ನೊಬ್ಬ ಅದನ್ನು ರಿಂಗಿಗೆ ಹಾಕುತ್ತಿದ್ದ. ಚಪ್ಪಾಳೆಯೂ ಅವನಿಗೆ, ಪೇಪರಿನ ಫೋಟೋವೂ ಅವನಿಗೆ. ವಿಶ್ವವಿದ್ಯಾಲಯದ ತಂಡಕ್ಕೆ ಆಡಿದಾಗ ಒಮ್ಮೆ ಪೇಪರಿನಲ್ಲಿ ನನ್ನ ಫೋಟೋ ಬಂತು, ಬಂದದ್ದು ಮೊಣಕೈ ಮಾತ್ರ. ನಮ್ಮವ್ವ ಅದನ್ನು ಕತ್ತರಿಸಿ ಗೋಡೆಗೆ ಅಂಟಿಸಿ, ಬಂದವರಿಗೆಲ್ಲ "ಈ ಮೊಣಕೈ ನಮ್ಮ ಚಂದ್ರಂದು" ಎಂದು ತೋರಿಸುತ್ತಿದ್ದಳು. ಬಂದವರು ಆ ಫೋಟೋದಲ್ಲಿದ್ದ ಇನ್ನೊಬ್ಬನನ್ನು ನೋಡಿ, "ಹುಡುಗ ಲಕ್ಷಣವಾಗವ್ನೆ" ಎಂದು ಕಾಫಿ ಕುಡಿದು ಹೋಗುತ್ತಿದ್ದರು.

ಆಮೇಲೆ ದೂರದ ಊರಿನ ಒಂದು ಕಾರ್ಖಾನೆಯವರು ತಮ್ಮ ತಂಡಕ್ಕೆಂದು ನನಗೆ ಕೆಲಸ ಕೊಟ್ಟರು. ಬೆಳಗ್ಗೆ ಆಟ, ಮಧ್ಯಾಹ್ನ ಹಾಜರಿ ಪುಸ್ತಕಕ್ಕೆ ಸಹಿ. ನಡುವೆ ಯಾರೋ ದುಡ್ಡಿದ್ದವರು ಸೇರಿ ಒಂದು ಲೀಗ್ ಮಾಡಿದರು. ಹಳದಿ ಬನಿಯನ್, ಬಣ್ಣದ ದೀಪ, ನಾನು ಅಂಗಳಕ್ಕೆ ಇಳಿದಾಗ ಹೊಗೆ. ಹೊಗೆ ಒಂದೇ ಸೀಸನ್ನಿಗೆ ಮುಗಿಯಿತು. ಮರುವರ್ಷ ನನ್ನ ಮಂಡಿ ಹೋಯಿತು, ಅದರ ಹಿಂದೆಯೇ ಕಾರ್ಖಾನೆಯ ತಂಡವೂ ಹೋಯಿತು. ಆಟಗಾರರನ್ನು ಬೇರೆ ಬೇರೆ ಕಡೆ ಹಂಚುವಾಗ ಸಾಹೇಬರು ನನ್ನನ್ನು ಬುಡದಿಂದ ತಲೆಯವರೆಗೆ ನೋಡಿ ಸ್ಟೋರ್ಸಿಗೆ ಹಾಕಿದರು. ಮೇಲಿನ ರ‍್ಯಾಕಿನ ಬೋಲ್ಟು ನಟ್ಟು ಏಣಿ ಇಲ್ಲದೆ ತೆಗೆಯಬಹುದಲ್ಲ! ವರ್ಷಗಟ್ಟಲೆ ತೆಗೆದೆ. ಆ ಸಿಟ್ಟು ನನಗೆ ಇನ್ನೂ ಆರಿಲ್ಲ, ಆರುವುದೂ ಬೇಡ.

ಕೊನೆಗೆ ಕೆಲಸ ಬಿಟ್ಟು ಊರಿಗೆ ಬಂದೆ. ಬರುವಾಗ ಒಂದೇ ಆಸೆ ಇತ್ತು. ನಮ್ಮೂರಿನವರು ಒಂದು ಸಲ, ಒಂದೇ ಒಂದು ಸಲ, ನಿಜವಾದ ಒಂದು ಆಟವನ್ನು ಕಣ್ಣಾರೆ ನೋಡಬೇಕು. ನಾನು ಇಷ್ಟು ವರ್ಷ ಏನು ಮಾಡುತ್ತಿದ್ದೆ ಎಂದು ತಿಳಿಯಬೇಕು. ಅದಕ್ಕಾಗಿ ಪಂಚಾಯ್ತಿಗೆ ಅಲೆದೆ, ಅಜ್ಜಂಪುರದ ಕಚೇರಿಗಳಿಗೆ ಅಲೆದೆ. "ಊರಿಗೆ ಉಪಕಾರಿ, ಮನೆಗೆ ಮಾರಿ" ಎಂದು ನಾಗರತ್ನ ಮೂತಿ ತಿರುಗಿಸಿದರೂ ಬಿಡಲಿಲ್ಲ. ಅಂತೂ ಕೆರೆ ಕೆಳಗಿನ ಬಯಲಿನಲ್ಲಿ ನುಣ್ಣನೆಯ ಸಿಮೆಂಟಿನ ಅಂಗಳ ಆಯಿತು. ಎರಡು ಕಂಬ, ಎರಡು ರಿಂಗು. ಅಳೆದು ನೋಡಿದರೆ ಹತ್ತಡಿ ಎತ್ತರದಲ್ಲಿರಬೇಕಾದ ರಿಂಗು ಒಂಬತ್ತಡಿಗೇ ನಿಂತಿದೆ. ಕಂಟ್ರಾಕ್ಟರನ್ನು ಕೇಳಿದರೆ, "ಪೈಪು ಅಷ್ಟೇ ಇದ್ದಿದ್ದು ಸಾರ್. ಹುಡುಗ್ರಿಗೂ ಕೈಗೆ ಸಿಗ್ಲಿ ಬಿಡಿ" ಎಂದ. ನನ್ನ ಮೈಯೆಲ್ಲ ಉರಿದುಹೋಯಿತು. ಒಂದಡಿ ಕಡಿಮೆಯಾದರೆ ಅದು ಬ್ಯಾಸ್ಕೆಟ್‌ಬಾಲೇ ಅಲ್ಲ ಎಂದು ಪಂಚಾಯ್ತಿ ಅಧ್ಯಕ್ಷರಾದ ಓಂಕಾರಪ್ಪನವರನ್ನು ಕಂಡಕಂಡಲ್ಲಿ ತಡೆದು ಹೇಳತೊಡಗಿದೆ. ನನ್ನನ್ನು ಕಂಡರೆ ಅವರು ದಾರಿ ಬದಲಿಸತೊಡಗಿದರು.

ಅಷ್ಟರಲ್ಲಿ ರಾಗಿ ಕೊಯ್ಲು ಬಂತು. ನಮ್ಮ ಕಡೆ ನೆಲ ಎಲ್ಲಿ ಗಟ್ಟಿಯಾಗಿ ಸಮನಾಗಿರುತ್ತದೋ ಅದೇ ಕಣ. ಸಗಣಿ ಬಳಿಯುವ ಕೆಲಸವೂ ಇಲ್ಲದ ಅಷ್ಟಗಲದ ಸಿಮೆಂಟಿನ ನೆಲ ಕಂಡರೆ ಯಾರು ಬಿಟ್ಟಾರು? ಒಂದು ಬೆಳಗ್ಗೆ ಹೋಗಿ ನೋಡುತ್ತೇನೆ, ರಾಗಿ ಹುಲ್ಲಿನ ಮೇಲೆ ಟ್ರ್ಯಾಕ್ಟರು ಸುತ್ತುತ್ತಿದೆ. ರಿಂಗಿನಲ್ಲಿ ಬಿತ್ತನೆಗೆಂದು ಜೋಳದ ತೆನೆಗಳು ನೇತಾಡುತ್ತಿವೆ, ಇಲಿಗೆ ಎಟುಕುವುದಿಲ್ಲವೆಂದು. ಟ್ರ್ಯಾಕ್ಟರಿನ ಮೇಲೆ ನನ್ನ ಸ್ವಂತ ಅಣ್ಣ ಮರುಳಸಿದ್ದಪ್ಪ! "ಲೇ ಚಂದ್ರ, ಎಂಥಾ ಕಣ ಮಾಡ್ಸಿದ್ಯೋ! ಒಂದು ಕಲ್ಲಿಲ್ಲ, ಮಣ್ಣಿಲ್ಲ. ನಿನ್ನ ಹೊಟ್ಟೆ ತಣ್ಣಗಿರ್ಲಿ ಕಣೋ" ಎಂದು ಹರಸಿದ. ನನ್ನ ಹೊಟ್ಟೆ ಮಾತ್ರ ಧಗಧಗ ಉರಿಯುತ್ತಿತ್ತು.

ಕಾರಣವಿತ್ತು. ತರೀಕೆರೆಯ ಕಾಲೇಜೊಂದರಲ್ಲಿ ಹುಡುಗಿಯರ ತಂಡ ಕಟ್ಟಿದ್ದ ಶಶಿಕಲಾ ಮೇಡಂ ಭಾನುವಾರ ಎರಡು ತಂಡಕ್ಕಾಗುವಷ್ಟು ಹುಡುಗಿಯರನ್ನು ಕರೆತಂದು ಆಡಿಸುವುದಾಗಿ ಒಪ್ಪಿದ್ದರು. ಊರಿಗೆಲ್ಲ ನಾನೇ ಡಂಗುರ ಹೊಡೆದು ಬಂದಿದ್ದೆ. "ಶನಿವಾರಕ್ಕೆ ಎತ್ತಿಬಿಡ್ತೀನಿ ಬಿಡೋ" ಎಂದಿದ್ದ ಅಣ್ಣ. ಶನಿವಾರ ಹೋದರೆ ಒಕ್ಕಿದ ರಾಗಿ ಹೊಟ್ಟಿನ ಸಮೇತ ಹಾಗೇ ಬಿದ್ದಿದೆ.

"ಗಾಳಿನೇ ಬೀಸ್ತಿಲ್ಲ ಕಣೋ, ತೂರೋದೆಂಗೆ?"

"ನಾಳೆ ಮ್ಯಾಚಿದೆ ಅಣ್ಣ!"

"ನಿನ್ನ ಮ್ಯಾಚಿಗೆ ಗಾಳಿ ಬೇಡ, ನನ್ನ ರಾಗಿಗೆ ಬೇಕು. ನಾನೇನ್ ಬಾಯಲ್ಲಿ ಊದ್ಲಾ?"

ಗಾಳಿ ಭಾನುವಾರ ಬೆಳಗ್ಗೆ ಬೀಸಿತು. ತೂರಿ ರಾಶಿ ಮಾಡಿದರು, ರಿಂಗಿನ ಬುಡದಲ್ಲೇ, ನಾನು ಜೀವನವೆಲ್ಲ ನಿಂತ ಜಾಗದಲ್ಲಿ. ತುದಿಗೆ ಸಗಣಿಯ ಬೆನಕ, ಅದರ ಮೇಲೆ ಗರಿಕೆ. ಪೂಜೆಯಾಗಿ ಅಳೆಯುವವರೆಗೆ ಕಣಕ್ಕೆ ಚಪ್ಪಲಿ ಕಾಲಿಡುವಂತಿಲ್ಲ. ಟೆಂಪೋ ಬಂತು. ಆಟದ ಬಟ್ಟೆ ತೊಟ್ಟ ಹುಡುಗಿಯರು ದುಡುದುಡು ಇಳಿದರು. ಇವರಾದರೂ ನನ್ನ ಪರವಾಗಿ ಜಗಳ ಆಡುತ್ತಾರೆ ಎಂದುಕೊಂಡೆ. ಅವರು ರಾಶಿ ನೋಡಿದ್ದೇ, ಯಾರೂ ಹೇಳದೆಯೇ ಬೂಟು ಬಿಚ್ಚಿಟ್ಟು ಕೈಮುಗಿದರು. "ನಮ್ಮೂರಲ್ಲಿ ಟಾರ್ ರೋಡಲ್ಲೇ ಒಕ್ತೀವಿ ಸಾರ್. ನಿಮ್ಮೂರೇ ವಾಸಿ" ಎಂದು ಒಬ್ಬಳು ನನ್ನನ್ನು ಸಮಾಧಾನಪಡಿಸಿದಳು. ಆಟ ನೋಡಲೆಂದು ಊರೇ ಸೇರಿತ್ತು. ಊಟವಾದ ಮೇಲೆ ಆಡೋಣ, ಅಷ್ಟರಲ್ಲಿ ಕಣ ಖಾಲಿಯಾಗುತ್ತದೆ ಎಂದರು ಮೇಡಂ.

ಮೊದಲ ಖೇಪಿನ ಚೀಲಗಳನ್ನು ಹೇರಿಕೊಂಡು ಆಳು ಟ್ರ್ಯಾಕ್ಟರನ್ನು ಮನೆ ಕಡೆ ಹೊಡೆದುಕೊಂಡು ಹೋದ. ಅದು ಆಚೆ ಹೋಗುವುದಕ್ಕೂ, ಬೆಳಗಿನ ಗಾಳಿಯೇ ಮೋಡ ಹೊತ್ತು ತರುವುದಕ್ಕೂ ಸರಿಹೋಯಿತು. ದಪ್ಪ ಹನಿ ಬಿತ್ತು. ಹುಡುಗಿಯರು, ಮೇಡಂ, ಊರವರು ಎಲ್ಲರೂ ಬಿದ್ದೆದ್ದು ರಾಗಿ ಬಳಿದು ಗುಡ್ಡೆ ಮಾಡಿದರು. ಟಾರ್ಪಾಲು ಹೊದಿಸಿದರೆ ಗಾಳಿ ಕಿತ್ತೆಸೆಯುತ್ತದೆ. ಒಂದು ತುದಿಯನ್ನು ಎತ್ತರಕ್ಕೆ ಕಟ್ಟಿ ಇಳಿಜಾರು ಮಾಡದೆ ಬೇರೆ ದಾರಿ ಇರಲಿಲ್ಲ. ಹಗ್ಗ ಎಸೆದರು, ರಿಂಗಿಗೆ ಸಿಗಲಿಲ್ಲ. "ಚಂದ್ರಾ! ಏನ್ ನೋಡ್ತಾ ನಿಂತಿದೀಯಾ? ವರ್ಷದ ಅನ್ನ ಕಣೋ!" ಎಂದು ಅಣ್ಣ ಕಿರುಚಿದ.

ಹಗ್ಗ ತೆಗೆದುಕೊಂಡೆ. ಎರಡು ಹೆಜ್ಜೆ ಓಡಿ ಹಾರಿದೆ. ಮಂಡಿ ಕಟಕ್ ಎಂದಿತು. ಒಂದು ಕೈಯಲ್ಲಿ ರಿಂಗು ಹಿಡಿದು, ಜೋಳದ ತೆನೆಗಳ ನಡುವೆ ನೇತಾಡುತ್ತ, ಇನ್ನೊಂದು ಕೈಯಲ್ಲಿ ಹಗ್ಗ ತೂರಿಸಿ ಇಳಿದೆ. ಅಣ್ಣ ಹಗ್ಗ ಎಳೆದ, ಟಾರ್ಪಾಲು ನಿಂತಿತು. ಆಗ ಚಪ್ಪಾಳೆ ಬಿತ್ತು. ಇಡೀ ಊರು ಮಳೆಯಲ್ಲಿ ನೆನೆಯುತ್ತ ಚಪ್ಪಾಳೆ ತಟ್ಟಿತು. "ನೋಡ್ರಲಾ, ಪ್ಲೇಯರ್ ಅಂದ್ರೆ ಇದು!" ಎಂದು ಯಾರೋ ಕೂಗಿದರು. ಇಷ್ಟು ವರ್ಷ ನಾನು ಕಾದಿದ್ದ ಮಾತು, ಟಾರ್ಪಾಲು ಕಟ್ಟಿದ್ದಕ್ಕೆ ಸಿಕ್ಕಿತು. ಕುಂಟುತ್ತ ಪಕ್ಕಕ್ಕೆ ಹೋಗಿ ನಿಂತೆ. ಅಳು ಬಂತು, ಮಳೆಯಿದ್ದದ್ದರಿಂದ ಮರ್ಯಾದೆ ಉಳಿಯಿತು. ಮೇಡಂ ಮಾತ್ರ ಆ ರಿಂಗನ್ನೊಮ್ಮೆ ನನ್ನನ್ನೊಮ್ಮೆ ಕಣ್ಣಲ್ಲೇ ಅಳೆದು ಸುಮ್ಮನೆ ನಕ್ಕರು.

ಆಟ ನಡೆಯಲಿಲ್ಲ. ಹುಡುಗಿಯರು ನಮ್ಮ ಮನೆಯಲ್ಲಿ ಮುದ್ದೆ ಉಂಡು ತರೀಕೆರೆಗೆ ಹೋದರು. ಮರುದಿನ ಓಂಕಾರಪ್ಪನವರು ದಾರಿ ಬದಲಿಸದೆ ನೇರ ನಮ್ಮ ಜಗುಲಿಗೇ ಬಂದು ಕುಳಿತರು. "ನಿನ್ನೆ ನೋಡ್ದೆ ಕಣಪ್ಪಾ ಚಂದ್ರಪ್ಪ, ನಿನ್ನಂಥೋರು ಹೇಳಿದ್ರೆ ಕೇಳ್ಬೇಕು. ಆ ರಿಂಗು ಒಂದಡಿ ಎತ್ತರ ಮಾಡ್ಸು ಅಂತಿದ್ಯಲ್ಲಾ, ಈ ತಿಂಗಳೇ ಮಾಡ್ಸಿಬಿಡಾನ" ಎಂದರು.

ಮಂಡಿಗೆ ಬಿಸಿ ಎಣ್ಣೆ ಉಜ್ಜಿಕೊಳ್ಳುತ್ತ ನಾನು ಹೇಳಿದೆ: "ಇರ್ಲಿ ಬಿಡಿ ಗೌಡ್ರೇ. ಹುಡುಗ್ರಿಗೂ ಕೈಗೆ ಸಿಗ್ಲಿ."