ಮುಚ್ಚಳವಿರುವ ಎರಡು ಡಬ್ಬಿ

ತಮ್ಮ ಇಡ್ಲಿ ಪಾತ್ರೆ ಹಾಲ್‌ನ ಟೀಪಾಯಿಯ ಮೇಲೆ ಹಣೆಗೆ ಕುಂಕುಮ ಇಟ್ಟುಕೊಂಡು ಕೂತಿರುವುದನ್ನು ಕಂಡಾಗಲೇ ಸರ್ವಮಂಗಳಮ್ಮನಿಗೆ ಇವತ್ತು ಏನೋ ಕಾದಿದೆ ಅನ್ನಿಸಿತು. ಪಾತ್ರೆಯ ಮುಚ್ಚಳದಲ್ಲಿ ತೂತು, ತೂತಿನೊಳಗೆ ಹಳೇ ಮೊಬೈಲಿನ ಕ್ಯಾಮೆರಾ. ಹೊಟ್ಟೆಯಿಂದ ಹೊರಟ ವೈರು ಹಾಲ್ ದಾಟಿ, ಪಕ್ಕದ ಕೋಣೆಯಲ್ಲಿದ್ದ ಅಜ್ಜನ ಕಾಲದ ರೇಡಿಯೊದೊಳಗೆ ಹೋಗಿತ್ತು. ಟೀಪಾಯಿಯ ಬಳಿ ಯಜಮಾನರು ಇಸ್ತ್ರಿ ಮಾಡಿದ ಶರ್ಟು ತೊಟ್ಟು ನಿಂತಿದ್ದರು. ಐ.ಟಿ.ಐ.ಯಲ್ಲಿ ಮೂವತ್ತು ವರ್ಷ ಎಲೆಕ್ಟ್ರಾನಿಕ್ಸ್ ಕಲಿಸಿ ನಿವೃತ್ತರಾದ ನಂಜುಂಡಾರಾಧ್ಯರು ಮನೆಯಲ್ಲಿ ಇಸ್ತ್ರಿ ಶರ್ಟು ಹಾಕುವುದು ಎರಡೇ ಸಂದರ್ಭದಲ್ಲಿ: ನೆಂಟರು ಬಂದಾಗ, ಇಲ್ಲವೇ ಹೊಸ ಯಂತ್ರದ ಉದ್ಘಾಟನೆಯಾದಾಗ. ನೆಂಟರು ಬರುವ ಸೂಚನೆಯಂತೂ ಇರಲಿಲ್ಲ.

"ಇದರ ಹೆಸರು ವಿಕ್ರಯ ವಿವೇಕಿ," ಅಂದರು ಆರಾಧ್ಯರು. "ಯಾವುದನ್ನ, ಯಾವಾಗ, ಎಷ್ಟಕ್ಕೆ ಮಾರಬೇಕು ಅಂತ ತಾನೇ ಯೋಚನೆ ಮಾಡಿ ಮಾರುತ್ತೆ."

"ಹಾಗಾದ್ರೆ ನಾನು ಇಡ್ಲಿ ಎಲ್ಲಿ ಮಾಡ್ಲಿ?"

"ವಿಜ್ಞಾನಾನ ಎದುರಿಗಿಟ್ಕೊಂಡು ಇಡ್ಲಿ ಮಾತಾಡಬಾರದು ಕಣೇ ಮಂಗಳಾ."

ಸರ್ವಮಂಗಳಮ್ಮ ಮಾತು ಬೆಳೆಸಲಿಲ್ಲ. ತೆಂಗಿನಕಾಯಿ ತುರಿಯುವ ಯಂತ್ರ ಅಡುಗೆಮನೆಯ ಗೋಡೆಯನ್ನೇ ತುರಿದಾಗಲೂ ಅವರು ಸುಣ್ಣ ಬಳಿಸಿ ಸುಮ್ಮನಾಗಿದ್ದವರು.

ಈ ಯಂತ್ರ ಹುಟ್ಟಿದ್ದಕ್ಕೆ ಕಾರಣ ಒಂದು ಆಟ. ಮೈಸೂರಿನ ಸರಸ್ವತಿಪುರದ ಪಾರ್ಕಿನಲ್ಲಿ ಬೆಳಿಗ್ಗೆ ನಡೆಯುವ ಹದಿನಾರು ಜನ ಹಿರಿಯರು ಆನ್‌ಲೈನ್‌ನಲ್ಲಿ ಷೇರು ವ್ಯಾಪಾರದ ಆಟ ಕಟ್ಟಿಕೊಂಡಿದ್ದರು. ಎಲ್ಲರಿಗೂ ಹತ್ತು ಲಕ್ಷ ಸುಳ್ಳು ರೂಪಾಯಿ. ಸುಳ್ಳು ಷೇರುಗಳನ್ನು ತಮ್ಮತಮ್ಮಲ್ಲೇ ಚೌಕಾಶಿ ಮಾಡಿ ಕೊಳ್ಳಬೇಕು, ಮಾರಬೇಕು. ಮೂರು ತಿಂಗಳ ಕೊನೆಗೆ ಮೊದಲು ನಿಂತವರಿಗೆ ಪ್ರೆಶರ್ ಕುಕ್ಕರು, ಕೊನೆಗೆ ನಿಂತವರಿಗೆ ಸಮಾಧಾನಕರ ಬಹುಮಾನ. ಒಂದು ನಯಾಪೈಸೆಯ ನಷ್ಟವಿಲ್ಲದಿದ್ದರೂ ಮರ್ಯಾದೆಯ ಪ್ರಶ್ನೆ ಇತ್ತಲ್ಲ! ಮೊದಲ ದಿನಗಳಿಂದಲೇ ಹದಿನಾರನೆಯವರಾಗಿದ್ದ ಆರಾಧ್ಯರು ಎರಡು ತಿಂಗಳು ಕಳೆದರೂ ಅಲ್ಲೇ ಇದ್ದರು.

ಅವರ ಬುದ್ಧಿಗೆ ಏನೂ ಕೊರತೆಯಿರಲಿಲ್ಲ. ತೊಂದರೆ ಒಂದೇ, ಕೊಂಡದ್ದನ್ನು ಮಾರಲು ಅವರಿಗೆ ಮನಸ್ಸು ಬರುತ್ತಿರಲಿಲ್ಲ. ಸಿಮೆಂಟು ಕಂಪನಿಯ ಷೇರು ಬಿದ್ದರೆ, ಕಷ್ಟದಲ್ಲಿರುವವರನ್ನು ಕೈಬಿಡುವುದು ಹೇಗೆ ಅನ್ನುತ್ತಿದ್ದರು. ಏರಿದರೆ, ಪಾಪ ಈಗ ತಾನೇ ಚೇತರಿಸಿಕೊಂಡಿದ್ದಾನೆ, ಇನ್ನು ನಾಲ್ಕು ದಿನ ಇರಲಿ ಅನ್ನುತ್ತಿದ್ದರು. ಹದಿನೇಳು ಷೇರುಗಳನ್ನೂ ಬಾಣಂತನಕ್ಕೆ ಬಂದ ಹೆಣ್ಣುಮಕ್ಕಳ ಹಾಗೆ ಮನೆಯಲ್ಲೇ ಇಟ್ಟುಕೊಂಡಿದ್ದರು.

ಮನುಷ್ಯ ಎಂಥವರೆಂದು ಸರ್ವಮಂಗಳಮ್ಮನಿಗೆ ಆಟದಿಂದ ತಿಳಿಯಬೇಕಾಗಿರಲಿಲ್ಲ. ಪಕ್ಕದ ಕೋಣೆ ನೋಡಿದರೆ ಸಾಕಿತ್ತು. ಮೂರು ರೇಡಿಯೊ, ಎರಡು ಟೇಬಲ್ ಫ್ಯಾನಿನ ಬೋಳು ಮೋಟಾರು, ಸೀಟಿಲ್ಲದ ಸೈಕಲ್ಲು, ಯಾವ ಟೀವಿಯದೆಂದು ಯಾರಿಗೂ ನೆನಪಿಲ್ಲದ ಪಿಕ್ಚರ್ ಟ್ಯೂಬು, ಎಲ್ಲ ಸೂರಿನವರೆಗೆ ಪೇರಿಸಿದ್ದವು. ಇವುಗಳ ಹಿಂದೆ ಒಂದು ಕಿಟಕಿ ಇತ್ತು. ಮನೆಗೆ ಇದ್ದ ಪೂರ್ವದ ಕಿಟಕಿ ಅದೊಂದೇ. ಅಲ್ಲಿ ಕುರ್ಚಿ ಹಾಕಿಕೊಂಡು ಎಳೆ ಬಿಸಿಲಲ್ಲಿ ಕಾಫಿ ಕುಡಿಯಬೇಕೆಂಬುದು ಮೂವತ್ತೊಂದು ವರ್ಷಗಳಿಂದ ಅವರ ಆಸೆ. ಕೇಳಿದಾಗಲೆಲ್ಲ ಆರಾಧ್ಯರ ಉತ್ತರ ಒಂದೇ: "ಬೇಕಾಗುತ್ತೆ ಇರು."

ಯಂತ್ರಕ್ಕೆ ಮಾರುವ ವಿದ್ಯೆ ಯಾರಿಂದಲಾದರೂ ಬರಬೇಕು. ಜೀವಮಾನದಲ್ಲಿ ಏನನ್ನೂ ಮಾರದ ಆರಾಧ್ಯರು ಏನು ಕಲಿಸಿಯಾರು? ಆಗ ಅವರ ಕಣ್ಣು ಬಿದ್ದದ್ದು ಹೆಂಡತಿಯ ಮೇಲೆ. ಹದಿನೈದು ದಿನಕ್ಕೊಮ್ಮೆ ಪಾತ್ರೆ ಈರಮ್ಮ ಬುಟ್ಟಿ ಹೊತ್ತು ಬರುತ್ತಿದ್ದಳು. ಹಳೇ ಸೀರೆ, ಪಂಚೆ ಕೊಟ್ಟರೆ ಸ್ಟೀಲ್ ಪಾತ್ರೆ ಕೊಡುವವಳು. ಜಗುಲಿಯ ಮೇಲೆ ಅವಳಿಗೂ ಸರ್ವಮಂಗಳಮ್ಮನಿಗೂ ನಡೆಯುವ ವ್ಯಾಪಾರ ನೋಡಲು ಎದುರು ಮನೆಯವರು ಬಾಗಿಲಿಗೆ ಬರುತ್ತಿದ್ದರು. ಆರಾಧ್ಯರು ಕ್ಯಾಮೆರಾವನ್ನು ತುಳಸಿಕಟ್ಟೆಯಲ್ಲಿ ಬಚ್ಚಿಟ್ಟು ಎರಡು ತಿಂಗಳು ಆ ವಿದ್ಯೆಯನ್ನು ಇಡ್ಲಿ ಪಾತ್ರೆಗೆ ಧಾರೆಯೆರೆದಿದ್ದರು. ಸರ್ವಮಂಗಳಮ್ಮನ ಧ್ವನಿ, ಅವರ ಫೋನಿನಲ್ಲಿದ್ದ ಫೋಟೊಗಳು, ಎಲ್ಲ ಅದರ ಹೊಟ್ಟೆ ಸೇರಿದವು. ಅದು ಹೆಕ್ಕಿಕೊಂಡ ಸೂತ್ರಗಳು ಎರಡೇ. ವರ್ಷದಿಂದ ಕೈಯಲ್ಲಿ ಮುಟ್ಟದ್ದು ಮನೆಯಲ್ಲಿರಬಾರದು. ಎದುರಿನವರು ಹೇಳಿದ ಮೊದಲ ಬೆಲೆಗೆ ಒಪ್ಪಬಾರದು.

ಮಾರನೆಯ ಬೆಳಿಗ್ಗೆ ಪಾರ್ಕಿನ ಪುಟ್ಟಮಾದೇಗೌಡರು ಗೇಟಿನ ಬಳಿ ಕೈ ಮುಗಿದು ನಿಂತರು. ಬ್ಯಾಂಕ್ ಮ್ಯಾನೇಜರಾಗಿದ್ದವರು, ಯಾರಿಗೂ ಸುಲಭವಾಗಿ ಕೈ ಮುಗಿಯುವವರಲ್ಲ.

"ಅಮ್ಮಾ, ನಿನ್ನೆ ಫೋನಲ್ಲಿ ನೀವು ಅಷ್ಟು ಬೇಜಾರು ಮಾಡ್ಕೋಬಾರದಿತ್ತು. ಆ ಸಿಮೆಂಟು ಷೇರನ್ನ ನೀವು ಹೇಳಿದ ರೇಟಿಗೇ ತಗೊಂಡೆನಲ್ಲ."

ತಾವು ಯಾರಿಗೂ ಫೋನು ಮಾಡಿಲ್ಲವೆಂದು ಸರ್ವಮಂಗಳಮ್ಮ ಹೇಳುವಷ್ಟರಲ್ಲಿ ಒಳಗಿನಿಂದ ಅವರದೇ ಧ್ವನಿ ಕೇಳಿಸಿತು. "ಇಷ್ಟು ಕಮ್ಮಿಗಾ? ಹಾಗಾದ್ರೆ ಒಳಗೆ ತಗೊಂಡು ಹೋಗ್ತೀನಿ ಬಿಡಿ." ಈರಮ್ಮನ ಎದುರು ಸೀರೆಯನ್ನು ಎತ್ತಿಕೊಂಡು ಎರಡು ಹೆಜ್ಜೆ ಒಳಗಿಟ್ಟು ಹೇಳುವ ಮಾತು ಅದು. ಅಕ್ಷರ ತಪ್ಪಿರಲಿಲ್ಲ. ಯಂತ್ರ ಅಂದು ಒಂಬತ್ತು ಜನಕ್ಕೆ ಹಾಗೆ ಫೋನು ಮಾಡಿತು. ಒಂಬತ್ತು ಜನವೂ ಹೆದರಿ ಕೊಂಡರು! ಹತ್ತು ದಿನದಲ್ಲಿ ಹದಿನೇಳೂ ಷೇರುಗಳು ಖಾಲಿಯಾಗಿ ಆರಾಧ್ಯರು ಹದಿನಾರನೆಯ ಸ್ಥಾನದಿಂದ ಒಂದನೆಯದಕ್ಕೆ ಜಿಗಿದರು. ಪಾರ್ಕಿನಲ್ಲಿ ಎರಡು ಸುತ್ತು ಹೆಚ್ಚಾಗಿ ನಡೆದರು. ಸರ್ವಮಂಗಳಮ್ಮ ಮಾತ್ರ ತರಕಾರಿಗೆ ಹೋಗುವಾಗ ಪಾರ್ಕಿನ ದಾರಿ ಬಿಟ್ಟು ಸುತ್ತಿಕೊಂಡು ಹೋಗತೊಡಗಿದರು.

ಷೇರು ಮುಗಿದ ಮೇಲೆ ಸುಮ್ಮನಿರಲು ಯಂತ್ರಕ್ಕೆ ಯಾರೂ ಹೇಳಿಕೊಟ್ಟಿರಲಿಲ್ಲ. ಅದು ಕ್ಯಾಮೆರಾ ತಿರುಗಿಸಿ ಪಕ್ಕದ ಕೋಣೆಯನ್ನು ನೋಡಿತು. ಹಳೇ ಸಾಮಾನು ಮಾರುವ ಆನ್‌ಲೈನ್ ಅಂಗಡಿಯೊಂದರಲ್ಲಿ ಅಲ್ಲಿದ್ದುದರ ಪಟ್ಟಿ ಹಾಕಿತು. ಮರುದಿನವೇ ನಂಜನಗೂಡಿನಿಂದ ಒಬ್ಬರು ಗೂಡ್ಸ್ ಆಟೊ ತಂದು, ದುಡ್ಡು ಕೊಟ್ಟು, ವೈರು ಕತ್ತರಿಸಿ ಮೂರೂ ರೇಡಿಯೊ ಒಯ್ದರು. ಯಂತ್ರವನ್ನು ಆರಿಸುವ ಸ್ವಿಚ್ಚು ಅಜ್ಜನ ರೇಡಿಯೊದ ಮೇಲೇ ಇತ್ತೆಂದು ಆರಾಧ್ಯರಿಗೆ ನೆನಪಾದಾಗ ಆಟೊ ರಿಂಗ್ ರಸ್ತೆ ದಾಟಿತ್ತು. ಯಂತ್ರ ತನ್ನ ಬ್ಯಾಟರಿಯಲ್ಲಿ ಓಡುತ್ತಲೇ ಇತ್ತು.

ಸೈಕಲ್ಲು ಹೋಯಿತು. ಮೋಟಾರು ಹೋಯಿತು. ಪಿಕ್ಚರ್ ಟ್ಯೂಬನ್ನು ಒಬ್ಬ ಮೀನು ಸಾಕುವವನು ಯಾಕೋ ಎತ್ತಿಕೊಂಡು ಹೋದ. ಸರ್ವಮಂಗಳಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡು, ಅಯ್ಯೋ ಪಾಪ ಅನ್ನುತ್ತಾ, ಒಳಗೊಳಗೇ ಹಿಗ್ಗಿದರು. ನಾಲ್ಕನೆಯ ದಿನ ಕಿಟಕಿ ಕಂಡಿತು. ತುಕ್ಕು ಹಿಡಿದ ಅಗುಳಿಗೆ ಎಣ್ಣೆ ಬಿಟ್ಟು ತೆರೆದಾಗ ಬಿಸಿಲು ನೆಲದ ಮೇಲೆ ಬಿತ್ತು. ದೂರದಲ್ಲಿ ಚಾಮುಂಡಿ ಬೆಟ್ಟದ ಒಂದು ಚೂರೂ ಕಂಡಿತು. ಕುರ್ಚಿ ಹಾಕಿ, ಕಾಫಿ ಲೋಟ ಹಿಡಿದು ಕೂತರು. ಅಷ್ಟರಲ್ಲಿ ಆರಾಧ್ಯರು ಕೋಣೆಯೊಳಗೆ ಬಂದು, ರೇಡಿಯೊ ಇದ್ದ ಜಾಗದಲ್ಲಿ ಗೋಡೆಯನ್ನು ಒಮ್ಮೆ ಸವರಿ ಹೊರಟುಹೋದರು. ಕಾಫಿ ಯಾಕೋ ಅಷ್ಟು ರುಚಿಸಲಿಲ್ಲ.

"ಆ ಬ್ಯಾಟರಿ ಕಿತ್ತುಬಿಡಿ ಅಂದ್ರೆ," ಅಂದರು ಸರ್ವಮಂಗಳಮ್ಮ ಸಂಜೆ.

ಆಟ ಮುಗಿಯಲು ಇನ್ನು ಹತ್ತೇ ದಿನವೆಂದೂ, ಒಂದನೆಯ ಸ್ಥಾನದಲ್ಲಿರುವವನು ಬ್ಯಾಟರಿ ಕೀಳುವುದಿಲ್ಲವೆಂದೂ ಆರಾಧ್ಯರು ವಾದಿಸಿದರು. ಮಾಡಿದ್ದುಣ್ಣೋ ಮಹರಾಯ ಅಂದುಕೊಂಡು ಸರ್ವಮಂಗಳಮ್ಮ ಬಿಟ್ಟರು. ಉಣ್ಣುವ ಸರದಿ ತಮ್ಮದೂ ಇದೆ ಎಂದು ಅವರಿಗೆ ಗೊತ್ತಿರಲಿಲ್ಲ.

ಮರುದಿನ ಇಬ್ಬರು ಕಟ್ಟುಮಸ್ತಾದ ಆಳುಗಳು ಬಂದು ಹಿತ್ತಲಿನಲ್ಲಿದ್ದ ಒರಳುಕಲ್ಲಿಗೆ ಹಗ್ಗ ಬಿಗಿದರು. ತವರಿನಿಂದ ತಂದ ಒರಳುಕಲ್ಲು! ಸರ್ವಮಂಗಳಮ್ಮ ಓಡಿಬಂದು ಯಂತ್ರದ ಎದುರು ಸೊಂಟಕ್ಕೆ ಸೆರಗು ಸಿಕ್ಕಿಸಿ ನಿಂತರು. ಯಂತ್ರ ಅವರದೇ ಧ್ವನಿಯಲ್ಲಿ ತಣ್ಣಗೆ ಹೇಳಿತು: "ಮಿಕ್ಸಿ ಬಂದ ಮೇಲೆ ಮುಟ್ಟಿಲ್ಲ. ವರ್ಷದಿಂದ ಮುಟ್ಟದೇ ಇರೋದು ಮನೇಲ್ಯಾಕೆ?" ಈ ಮಾತನ್ನು ತಾವು ಎಷ್ಟು ಜನಕ್ಕೆ, ಎಷ್ಟು ಸಲ ಹೇಳಿದ್ದೆವೆಂದು ಸರ್ವಮಂಗಳಮ್ಮನಿಗೆ ಆ ಕ್ಷಣ ನೆನಪಾಯಿತು. ನೆಟ್ಟಗೆ ಅಡುಗೆಮನೆಗೆ ನಡೆದರು. ಒಂದು ತೆಂಗಿನಕಾಯಿ ಒಡೆದು, ಹಸಿಮೆಣಸಿನಕಾಯಿ ಹಾಕಿ, ಒರಳಿನ ಮುಂದೆ ಕೂತು ಚಟ್ನಿ ರುಬ್ಬಿದರು. ಹಾಲ್‌ನ ಕಿಟಕಿಯ ಮೂಲಕ ಹಿತ್ತಲಿನತ್ತ ತಿರುಗಿದ ಕ್ಯಾಮೆರಾ ಎರಡು ಸಲ ಮಿನುಗಿತು. "ಬಳಕೆಯಲ್ಲಿದೆ. ಮಾರಾಟಕ್ಕಿಲ್ಲ." ಬಂದವರಿಬ್ಬರೂ ಆ ಚಟ್ನಿಯಲ್ಲಿ ನಾಲ್ಕು ನಾಲ್ಕು ದೋಸೆ ತಿಂದು ಹೋದರು.

ಎರಡು ದಿನ ಎಲ್ಲ ಶಾಂತವಾಗಿತ್ತು. ಮೂರನೆಯ ದಿನ ಹತ್ತು ಗಂಟೆಗೆ ಈರಮ್ಮ ಬಂದಳು. ಅವಳ ದಿನವಲ್ಲ ಅದು. ಬುಟ್ಟಿ ಇಳಿಸಿ, ಒಂದು ಸ್ಟೀಲ್ ಡಬ್ಬಿಯನ್ನೂ ಒಂದು ಟೀ ಸೋಸುವ ಜಾಲರಿಯನ್ನೂ ಜಗುಲಿಯ ಮೇಲೆ ಇಟ್ಟಳು.

"ಅಮ್ಮಾ, ಫೋನಲ್ಲಿ ಹೇಳಿದ್ರಲ್ಲ, ಎರಡು ಡಬ್ಬಿ ಜಾಸ್ತಿ ಆಯ್ತು. ಒಂದು ಡಬ್ಬಿ, ಒಂದು ಜಾಲರಿ ಕೊಡ್ತೀನಿ. ಸಾಮಾನು ತೋರ್ಸಿ."

"ಯಾವ ಸಾಮಾನು?"

ಉತ್ತರ ಹಾಲ್‌ನಿಂದ ಬಂತು, ಸರ್ವಮಂಗಳಮ್ಮನ ಧ್ವನಿಯಲ್ಲೇ. "ಗಂಡಸು ಒಂದು. ಅರವತ್ತೆಂಟು ವರ್ಷ ಹಳೇದು. ಸದ್ದು ಮಾಡುತ್ತೆ, ಕೆಲಸ ಕಮ್ಮಿ. ಕೊನೇ ಸಲ ಕೈಯಲ್ಲಿ ಮುಟ್ಟಿದ್ದು ಒಂದು ವರ್ಷ ನಾಲ್ಕು ತಿಂಗಳ ಹಿಂದೆ, ತಂಗಿ ಮನೆ ಗೃಹಪ್ರವೇಶದ ಫೋಟೊದಲ್ಲಿ. ಬೆಲೆ, ಮುಚ್ಚಳವಿರುವ ಎರಡು ಡಬ್ಬಿ."

ಪೇಪರು ಓದುತ್ತಿದ್ದ ಆರಾಧ್ಯರು ಎದ್ದು ಬಂದರು. ಗೇಟಿನಾಚೆ ಪುಟ್ಟಮಾದೇಗೌಡರೂ ಎದುರು ಮನೆಯವರೂ ನಿಂತುಬಿಟ್ಟಿದ್ದರು. ಆರಾಧ್ಯರು ಡಬ್ಬಿಯನ್ನು ನೋಡಿದರು, ಜಾಲರಿಯನ್ನು ನೋಡಿದರು, ಆಮೇಲೆ ಹೆಂಡತಿಯನ್ನು ನೋಡಿದರು.

"ಎರಡೇ ಡಬ್ಬಿನಾ ಮಂಗಳಾ?"

ತಮಾಷೆಗೇ ಕೇಳಿದ್ದು. ಆದರೆ ಕೊನೆಗೆ ಧ್ವನಿ ಸ್ವಲ್ಪ ಅದುರಿತು. ಸರ್ವಮಂಗಳಮ್ಮನಿಗೆ ಈರಮ್ಮನಾಗಲಿ, ಗೇಟಿನಾಚೆಯ ಜನರಾಗಲಿ ಕಾಣಿಸಲಿಲ್ಲ. ಒಂದು ವರ್ಷ ನಾಲ್ಕು ತಿಂಗಳು. ಆ ಫೋಟೊದಲ್ಲಿ ಕೂಡ ಫೋಟೊದವನು ಹತ್ತಿರ ನಿಲ್ಲಿ ಎಂದು ಗದರಿದ್ದಕ್ಕೆ ತಾವು ಯಜಮಾನರ ತೋಳು ಹಿಡಿದದ್ದು. ಅವರಿಗೆ ಯಂತ್ರದ ಮೇಲೆ ಸಿಟ್ಟು ಬರಲಿಲ್ಲ. ಅದು ಹೇಳಿದ್ದರಲ್ಲಿ ಒಂದೂ ಸುಳ್ಳಿರಲಿಲ್ಲ, ಅದೇ ಅವರ ಸಂಕಟ. ಒರಳುಕಲ್ಲಿಗಾಗಿ ಓಡಿಬಂದ ತಾವು ಯಜಮಾನರಿಗಾಗಿ ಎದ್ದು ನಿಂತೂ ಇರಲಿಲ್ಲವಲ್ಲ.

"ಒಂದು ಡಬ್ಬಿ, ಜಾಲರಿ, ಮೇಲೊಂದು ಚಮಚ," ಅಂದಳು ಈರಮ್ಮ.

"ಹಾಗಾದ್ರೆ ಒಳಗೆ ತಗೊಂಡು ಹೋಗ್ತೀನಿ ಬಿಡಿ," ಅಂದಿತು ಯಂತ್ರ.

"ಹೌದು," ಅಂದರು ಸರ್ವಮಂಗಳಮ್ಮ. "ನಾನು ಒಳಗೇ ಕರ್ಕೊಂಡು ಹೋಗ್ತೀನಿ."

ಮದುವೆಯಾಗಿ ನಲವತ್ತು ವರ್ಷದಲ್ಲಿ ಬೀದಿಯವರೆದುರು ಎಂದೂ ಮಾಡದ ಕೆಲಸವನ್ನು ಅವರು ಮಾಡಿದರು. ಆರಾಧ್ಯರ ಕೈ ಹಿಡಿದರು. ಸಾಲ್ಡರಿಂಗ್‌ನಿಂದ ಬೆರಳ ತುದಿಗಳಲ್ಲಿ ಸಣ್ಣ ಸಣ್ಣ ಸುಟ್ಟ ಕಲೆಗಳಿದ್ದವು. ಮೊದಲು ಎರಡೋ ಮೂರೋ ಇದ್ದವು, ಈಗ ಲೆಕ್ಕವಿರಲಿಲ್ಲ. ಆರಾಧ್ಯರು ಕೈ ಬಿಡಿಸಿಕೊಳ್ಳಲಿಲ್ಲ, ಕಿವಿಯವರೆಗೆ ಕೆಂಪಾದರು.

ಕ್ಯಾಮೆರಾ ಎರಡು ಸಲ ಮಿನುಗಿತು. "ಬಳಕೆಯಲ್ಲಿದೆ. ಮಾರಾಟಕ್ಕಿಲ್ಲ."

ಈರಮ್ಮ ಬುಟ್ಟಿ ಎತ್ತಿಕೊಂಡು, ಸುಮ್ಮನೆ ಬಸ್ ಚಾರ್ಜು ದಂಡ ಎಂದು ಗೊಣಗುತ್ತಾ ಹೋದಳು.

ಅಂದು ಮಧ್ಯಾಹ್ನವೇ ಆರಾಧ್ಯರು ಫೋನು ಹಿಡಿದು ಕೂತರು. ಮಾರಾಟಕ್ಕೆ ಕೂತವರ ಕಷ್ಟ ಏನೆಂದು ತಮಗೀಗ ಗೊತ್ತಾಗಿದೆ ಎಂದು ಹೇಳಿ, ಮಾರಿದ ಹದಿನೇಳೂ ಷೇರುಗಳನ್ನು ಒಂದೊಂದಾಗಿ ಅವರವರು ಕೇಳಿದ ಬೆಲೆ ಕೊಟ್ಟು ವಾಪಸು ಕೊಂಡರು. ಸಿಮೆಂಟಿಗೆ ಪುಟ್ಟಮಾದೇಗೌಡರು ಕೊಂಡದ್ದರ ದುಪ್ಪಟ್ಟು ಕೇಳಿದರು, ಅದನ್ನೂ ಕೊಟ್ಟರು. ಆಟ ಮುಗಿಯುವವರೆಗೆ ದಿನಾ ಬೆಳಿಗ್ಗೆ ಸ್ಕ್ರೀನಿನ ಮೇಲೆ ಹದಿನೇಳನ್ನೂ ಬೆರಳಿನಿಂದ ಒಮ್ಮೊಮ್ಮೆ ಮುಟ್ಟುತ್ತಿದ್ದರು. ಯಂತ್ರ ಒಂದನ್ನೂ ಮಾರಲಿಲ್ಲ. ಬಹುಮಾನದ ದಿನ ಪುಟ್ಟಮಾದೇಗೌಡರು ಕುಕ್ಕರು ಹಿಡಿದು ಫೋಟೊ ತೆಗೆಸಿಕೊಂಡರು. ಆರಾಧ್ಯರು ಹದಿನಾರನೆಯವರಾಗಿ ಸಮಾಧಾನಕರ ಬಹುಮಾನ ತಂದರು.

ಬ್ಯಾಟರಿ ಕಿತ್ತು ಇಡ್ಲಿ ಪಾತ್ರೆ ಅಡುಗೆಮನೆಗೆ ಮರಳಿತು. ತೂತಿನಿಂದ ಹಬೆ ಹೋಗುವುದರಿಂದ ಇಡ್ಲಿ ಬೇಯಲು ಹತ್ತು ನಿಮಿಷ ಹೆಚ್ಚು ಬೇಕು. ಆ ಹತ್ತು ನಿಮಿಷ ಇಬ್ಬರೂ ಪೂರ್ವದ ಕಿಟಕಿಯ ಬಳಿ ಕೂರುತ್ತಾರೆ. ಅಲ್ಲೀಗ ಕುರ್ಚಿ ಎರಡು. ಕಾಫಿ ಲೋಟ ಬಲಗೈಯಲ್ಲಿರುತ್ತದೆ. ಎಡಗೈ ಎಲ್ಲಿರುತ್ತದೆ ಎಂಬುದು ಎದುರು ಮನೆಯವರಿಗೆ ಗೊತ್ತು.

ಮುಂದಿನ ಸಲ ಈರಮ್ಮ ಬಂದಾಗ ಸರ್ವಮಂಗಳಮ್ಮ ಯಜಮಾನರು ಗೆದ್ದ ಬಹುಮಾನವನ್ನು ಹೆಮ್ಮೆಯಿಂದ ತಂದು ತೋರಿಸಿದರು. ಮುಚ್ಚಳವಿರುವ ಒಂದು ಸ್ಟೀಲ್ ಡಬ್ಬಿ. ಈರಮ್ಮ ಅದನ್ನು ತಿರುಗಿಸಿ, ತಳಕ್ಕೆ ಬೆರಳಿನ ಗೆಣ್ಣಿನಿಂದ ಬಡಿದು ಸದ್ದು ಕೇಳಿ, ವಾಪಸು ಕೊಟ್ಟಳು.

"ಅವತ್ತು ಇನ್ನೊಂಚೂರು ಎಳೆದಿದ್ರೆ, ಎರಡು ಕೊಟ್ಟುಬಿಡ್ತಿದ್ದೆ ಅಮ್ಮಾ."