ಕಾಫಿ ಕಣದಲ್ಲಿ ಹಡಗು ಮುಳುಗಿಸಿದವರು

ಸಮುದ್ರದ ಗಾಳಿಯೂ ಸುಳಿಯದ ಮೂಡಿಗೆರೆ ಸೀಮೆಯಲ್ಲಿ, ಹಾಡಹಗಲು, ನಲವತ್ತು ಆಳುಗಳ ಕಣ್ಣೆದುರು ಹಡಗು ಮುಳುಗಿಸಿದ ಮಹಾನುಭಾವರೊಬ್ಬರು ನಮ್ಮ ಮನೆಯಲ್ಲಿದ್ದರು ಎಂದರೆ ನೀವು ನಗುತ್ತೀರಿ. ನಗಿ ಮಕ್ಕಳೇ, ನಗಿ. ನನಗೆ ಮಾತ್ರ ಇವತ್ತಿಗೂ ಮೈ ಉರಿಯುತ್ತದೆ!

ಅವರು ನಿಮ್ಮ ಅಜ್ಜನ ಚಿಕ್ಕಪ್ಪ, ನನಗೆ ಸಣ್ಣಮಾವ. ಮಂಗಳೂರಿನಿಂದ ಹಂಚು ಹೇರಿಕೊಂಡು ಹೋಗುವ ಹಾಯಿಹಡಗಿನಲ್ಲಿ ತಂಡೇಲರಾಗಿದ್ದವರು. ತಂಡೇಲ ಎಂದರೆ ಹಡಗಿನ ಹಿರಿಯ. ಅವನು ಏರಿಸು ಎಂದರೆ ಹಾಯಿ ಏರಬೇಕು, ಇಳಿಸು ಎಂದರೆ ಇಳಿಯಬೇಕು. ಒಂದು ಬಿರುಗಾಳಿಯಲ್ಲಿ ಆ ಹಡಗು ಮುಳುಗಿತು. ಹೊಗೆ ಹಡಗುಗಳು ಸಾಮಾನೆಲ್ಲ ಸೆಳೆದುಕೊಳ್ಳುತ್ತಿದ್ದ ಕಾಲ. ಮುದುಕರ ಕೈಗೆ ಇನ್ನೊಂದು ಹಾಯಿಹಡಗು ಕೊಡುವವರು ಯಾರು? ಹೆಂಡತಿ ಮಕ್ಕಳಿರಲಿಲ್ಲ. ಚಾರ್ಮಾಡಿ ಘಾಟಿ ಹತ್ತಿ ನೆಟ್ಟಗೆ ನಮ್ಮಲ್ಲಿಗೆ ಬಂದರು.

ನಿಮ್ಮ ಅಜ್ಜ ಬಣಕಲ್ ಹತ್ತಿರದ ಎಸ್ಟೇಟಿನಲ್ಲಿ ರೈಟರು, ಎಂದರೆ ಲೆಕ್ಕ ಬರೆಯುವವರು. ನಾವಿದ್ದ ಮನೆ ಎಸ್ಟೇಟಿನದು. ಕೆಲಸ ಹೋದರೆ ಮನೆಯೂ ಹೋಯಿತು. ನನಗೆ ತವರಿನಲ್ಲಿ ಯಾರೂ ಉಳಿದಿರಲಿಲ್ಲ. ಕಂಕುಳಲ್ಲಿ ನಿಮ್ಮ ದೊಡ್ಡಪ್ಪ, ಆರು ತಿಂಗಳ ಕೂಸು. ನಾನೋ, ಬಾಯಿ ಇದ್ದೂ ಇಲ್ಲದಂಥ ಹೆಂಗಸು. ಹಿರಿಯರ ಎದುರು ಬಾಗಿಲ ಸಂದಿಯಿಂದ ಮಾತಾಡುವವಳು.

ಬಂದ ಎರಡನೇ ದಿನ ಬೆಳಿಗ್ಗೆ ಅಕ್ಕಿ ಡಬ್ಬ ಎತ್ತಲು ಹೋದರೆ ಬರಲಿಲ್ಲ! ನೋಡುತ್ತೇನೆ, ಕಂಬಕ್ಕೆ ಕಟ್ಟಿದೆ. ಒರಳಿನ ಗುಂಡು ಕಟ್ಟಿದೆ. ಉಪ್ಪಿನಕಾಯಿ ಭರಣಿ ಕಟ್ಟಿದೆ. ದೇವರ ಮಣೆಯ ಮೇಲಿನ ದೀಪವನ್ನೂ ಬಿಟ್ಟಿಲ್ಲ.

“ಸಣ್ಣಮಾವ, ಇದೆಂಥದು?”

“ಅಲೆ ಬಂದ್ರೆ ಎಂತ ಮಾಡ್ತಿ, ಮಗಾ?”

“ಇಲ್ಲಿ ಅಲೆ ಎಲ್ಲಿಂದ ಬರುತ್ತೆ?”

“ಅಲೆ ಹೇಳಿ ಬರ್ತದಾ?”

ಒಂದು ಚಿಟಿಕೆ ಉಪ್ಪಿಗೆ ಮೂರು ಗಂಟು ಬಿಚ್ಚಿ ನಾನು ಅಡಿಗೆ ಮಾಡಿದೆ. ನೀರಿನದಂತೂ ಕೇಳಲೇ ಬೇಡಿ. ಹಿತ್ತಿಲಿನಲ್ಲಿ, ಗುಡ್ಡದಿಂದ ಅಡಿಕೆ ದಬ್ಬೆಯಲ್ಲಿ ಹರಿದು ಬಂದು ವರ್ಷವಿಡೀ ಬೀಳುವ ನೀರು. ಇವರು ಹಂಡೆಯ ಪಕ್ಕ ಲೋಟ ಹಿಡಿದು ಕಾವಲು! “ಸಿಹಿನೀರು ಮಾರಾಯ್ತಿ, ಮುಂದಿನ ಬಂದರಿನವರೆಗೆ ಬರ್ಬೇಕು.” ಮುಂದಿನ ಬಂದರು ಯಾವುದು, ಘಾಟಿಯ ತಲೆಯ ಕೊಟ್ಟಿಗೆಹಾರವೇ? ಹಲ್ಲು ಕಚ್ಚಿಕೊಂಡು ಒಳಗೆ ಹೋದೆ.

ಮನೆಯೊಳಗಿನದು ಮನೆಯೊಳಗೇ ಇದ್ದಿದ್ದರೆ ನಾನೂ ಸಹಿಸುತ್ತಿದ್ದೆ. ಅವರ ಹತ್ತಿರ ಅಂಗೈ ಅಗಲದ ಒಂದು ಹಲಗೆ ಇತ್ತು. ಅದರ ನಡುವೆ ತೂತು, ತೂತಿಗೆ ಒಂದು ದಾರ, ದಾರದ ತುಂಬ ಗಂಟು. ಒಂದೊಂದು ಗಂಟು ಒಂದೊಂದು ಬಂದರಂತೆ! ಗಂಟನ್ನು ಹಲ್ಲಿನಲ್ಲಿ ಕಚ್ಚಿ, ದಾರ ಬಿಗಿಯಾಗುವಂತೆ ಹಲಗೆಯನ್ನು ಮುಂದೆ ಹಿಡಿಯಬೇಕು. ಹಲಗೆಯ ಕೆಳಗಿನ ಅಂಚು ಸಮುದ್ರದ ಗೆರೆಗೆ, ಮೇಲಿನ ಅಂಚು ಧ್ರುವ ನಕ್ಷತ್ರಕ್ಕೆ ತಾಗಿದರೆ ಆ ಗಂಟಿನ ಬಂದರಿನ ನೇರಕ್ಕೆ ಬಂದಿದ್ದೇವೆ ಎಂದು ಲೆಕ್ಕ. ಅವರಪ್ಪ, ಅಜ್ಜ ಎಲ್ಲರೂ ಹೀಗೇ ಹಡಗು ನಡೆಸಿದ್ದರಂತೆ. ಸರಿ, ಆದರೆ ನಮ್ಮ ಗುಡ್ಡದಲ್ಲಿ ಸಮುದ್ರದ ಗೆರೆ ಎಲ್ಲಿದೆ? ಇವರು ಹುಡುಕಿಕೊಂಡದ್ದು ಎಸ್ಟೇಟಿನ ದೊರೆಯ ಬಂಗಲೆಯ ಜಗಲಿಕಟ್ಟೆಯನ್ನು!

ಮುಸ್ಸಂಜೆ. ಇಂಗ್ಲಿಷ್ ದೊರೆ ಜಗಲಿಯಲ್ಲಿ ಕಾಲು ಚಾಚಿ ಕೂತಿದ್ದಾನೆ. ಎದುರಿಗೆ ಒಬ್ಬ ಮುದುಕ ಹಲ್ಲು ಕಿರಿದು, ಒಂದು ಕಣ್ಣು ಮುಚ್ಚಿ, ತನ್ನ ಕಡೆಗೇ ಹಲಗೆ ಹಿಡಿದು ನಿಂತಿದ್ದಾನೆ. ಯಾರಿಗಾದರೂ ಏನನ್ನಿಸಬೇಕು?

“ರೈಟರ್! ಆ ಮುದುಕ ನನಗೆ ಏನು ಮಾಡ್ತಾನೆ?”

ನಿಮ್ಮ ಅಜ್ಜ, “ಪ್ರಾರ್ಥನೆ ಸಾರ್” ಎಂದರಂತೆ.

ಸಣ್ಣಮಾವ ಬಾಯಿಂದ ದಾರ ತೆಗೆದು, “ಎಂತ ಪ್ರಾರ್ಥನೆ? ನಾವು ಮಂಗಳೂರಿಂದ ಒಂದು ಚೂರು ಬಡಗಕ್ಕೆ ಉಂಟು, ಅಷ್ಟೇ” ಎಂದುಬಿಟ್ಟರು.

ಮರುದಿನ ದೊರೆ ನಿಮ್ಮ ಅಜ್ಜನನ್ನು ಕರೆಸಿ ಹೇಳಿದ: ಮುದುಕನಿಂದ ಇನ್ನೊಂದು ತಂಟೆ ಆದರೆ ನೀನೂ ಕೆಲಸ ಬಿಡು, ಮನೆಯನ್ನೂ ಬಿಡು. ಅವತ್ತಿನಿಂದ ನಾನು ಕೂಸಿನ ತೊಟ್ಟಿಲು ತೂಗುವಾಗಲೂ ಒಂದು ಕಣ್ಣು ಸಣ್ಣಮಾವನ ಮೇಲೇ ಇಡುತ್ತಿದ್ದೆ.

ಕಣ್ಣಿಟ್ಟು ಏನು ಬಂತು? ಕಾಫಿ ಕೊಯ್ಲು ಮುಗಿಯುತ್ತ ಬಂದಿತ್ತು. ಹಣ್ಣಿನ ಸಿಪ್ಪೆ ತೆಗೆದು ತೊಳೆದ ಪಾರ್ಚ್‌ಮೆಂಟ್ ಬೀಜ ಕಣದಲ್ಲಿ ಒಣಗಿ, ಇನ್ನೇನು ಚೀಲ ತುಂಬಬೇಕು. ಮಧ್ಯಾಹ್ನ ಇದ್ದಕ್ಕಿದ್ದಂತೆ ಮೋಡ ಕವಿಯಿತು. ಆಳುಗಳೆಲ್ಲ ಓಡಿ ಬೀಜ ರಾಶಿ ಮಾಡಿ, ಟಾರ್ಪಾಲು ಎಳೆದು, ಹಗ್ಗವನ್ನು ಗೂಟಗಳಿಗೆ ಕಟ್ಟಿದರು. ನಾನೂ ಕೂಸನ್ನೆತ್ತಿಕೊಂಡು ಹೋಗಿದ್ದೆ.

“ಇದು ಕಟ್ಟುವ ಕ್ರಮವಾ? ದನ ಕಟ್ಟಿದ ಹಾಗೆ!” ಎಂದು ಸಣ್ಣಮಾವ ನುಗ್ಗಿದರು.

“ನೀವು ಸುಮ್ನಿರಿ ಮಾರಾಯ್ರೇ, ನಾವು ವರ್ಷಾ ವರ್ಷಾ ಕಟ್ತೀವಿ” ಎಂದ ಆಳುಗಳ ಮೇಸ್ತ್ರಿ.

ಕೇಳುವವರು ಯಾರು? ಕಣ್ಣು ಮಿಟುಕಿಸುವುದರೊಳಗೆ ಎಲ್ಲ ಗಂಟು ಬಿಚ್ಚಿ, ಒಂದೇ ಹಗ್ಗವನ್ನು ಗೂಟದಿಂದ ಗೂಟಕ್ಕೆ ಓಡಿಸಿ, ಹಾಯಿಗೆ ಹಾಕುವ ಗಂಟು ಹಾಕಿದರು. ನೋಡಲು ಹೂ ಕಟ್ಟಿದ ಹಾಗೆ ಇತ್ತು, ಸುಳ್ಳು ಹೇಳಬಾರದು. ಆದರೆ ಹಾಯಿಯ ಗಂಟಿನ ಗುಣವೇನು ಗೊತ್ತೇ? ಬಿರುಗಾಳಿ ಬಂದರೆ ಹಾಯಿ ತಕ್ಷಣ ಕೆಳಗೆ ಬೀಳಬೇಕು, ಇಲ್ಲದಿದ್ದರೆ ಹಡಗು ಮಗುಚುತ್ತದೆ. ಅದಕ್ಕೇ ತುದಿಯನ್ನು ಒಮ್ಮೆ ಎಳೆದರೆ ಸಾಕು, ಎಲ್ಲ ಸರಕ್ಕನೆ ಬಿಚ್ಚಿಕೊಳ್ಳಬೇಕು!

ಗಾಳಿ ಎದ್ದಿತು. ಮೇಸ್ತ್ರಿಗೆ ಕಟ್ಟು ಸಡಿಲವೆನ್ನಿಸಿ, ಬಿಗಿ ಮಾಡೋಣವೆಂದು ತುದಿ ಹಿಡಿದು ಎಳೆದ.

ಮುಂದೆ ಹೇಳಬೇಕೇ? ಟಾರ್ಪಾಲು ಉಬ್ಬಿ, ಎದ್ದು, ಸಿಲ್ವರ್ ಓಕ್ ಮರದ ತುದಿಗೆ ಹೋಗಿ ಕೂತಿತು. ಅದರ ಹಿಂದೆಯೇ ಮಳೆ. ಒಣಗಿದ ಬೀಜವೆಲ್ಲ ನೀರಿನಲ್ಲಿ ತೇಲಿ ಚರಂಡಿಯ ದಾರಿ ಹಿಡಿಯಿತು.

ಆಗ ನನಗೆ ಬಾಯಿ ಬಂತು. ಹುಟ್ಟಿದಾಗಿನಿಂದ ನುಂಗಿಕೊಂಡದ್ದೆಲ್ಲ ಒಟ್ಟಿಗೆ ಬಂತು.

“ನಿಮ್ಮ ಹಡಗು ಮುಳುಗಿಸಿದ್ದು ಸಾಲದೇ? ನಮ್ಮ ಮನೇನೂ ಮುಳುಗಿಸೋಕೆ ಘಟ್ಟ ಹತ್ತಿ ಬಂದ್ರಾ? ಈ ಕೂಸನ್ನ ಎತ್ತಿಕೊಂಡು ನಾನು ಯಾವ ಮರದಡಿ ಕೂರಲಿ, ಹೇಳಿ!”

ನಲವತ್ತು ಆಳುಗಳೂ ಮಳೆಯಲ್ಲಿ ಕಲ್ಲಾಗಿ ನಿಂತರು. ಸಣ್ಣಮಾವ ನನ್ನನ್ನೇ ನೋಡುತ್ತಿದ್ದರು.

ದೊರೆ ಕೊಡೆ ಹಿಡಿದು ಬಂದ. “ಯಾರು ಮಾಡಿದ್ದು?” ಮೇಸ್ತ್ರಿ ನೆಲ ನೋಡಿದ. ನಿಮ್ಮ ಅಜ್ಜನೂ ನೆಲ ನೋಡಿದರು. ಅದಕ್ಕೆ ನಾನು ಅವರನ್ನು ಬಹಳ ದಿನ ಕ್ಷಮಿಸಲಿಲ್ಲ. ತುದಿ ಎಳೆದವನು ಮೇಸ್ತ್ರಿ ಎಂದು ಸಣ್ಣಮಾವ ಕಣ್ಣಾರೆ ಕಂಡಿದ್ದರು. ಆದರೂ ಮುಂದೆ ಬಂದು, ಮೊದಲ ಸಲ ಆ ದೊರೆಗೆ ಕೈ ಮುಗಿದು ಹೇಳಿದರು:

“ಕಟ್ಟಿದ್ದು ನಾನು. ತಪ್ಪು ನಂದು. ರೈಟರಿಗೆ ಇದ್ರಲ್ಲಿ ಎಂತದ್ದೂ ಇಲ್ಲ. ನಾಳೆ ನಾನು ಇಲ್ಲಿ ಇರುದಿಲ್ಲ, ಅವರನ್ನು ಇರ್ಲಿಕ್ಕೆ ಬಿಡಿ.”

ದೊರೆ ಆಗಲಿ ಎಂದು ತಲೆಯಾಡಿಸಿದ. ನಮ್ಮ ಮನೆ ಉಳಿಯಿತು.

ಮರುದಿನ ನಾನು ಅನ್ನ ಬಸಿಯುವಷ್ಟರಲ್ಲಿ ಅವರು ಹೊರಟಾಗಿತ್ತು. ಹೇಳದೆ ಹೋದರು ಎಂದು ಮತ್ತೆ ಸಿಟ್ಟು! ಬಾಳೆಲೆಯಲ್ಲಿ ಅನ್ನ ಕಟ್ಟಿಕೊಂಡು, ಕೂಸನ್ನು ಸೊಂಟಕ್ಕೇರಿಸಿ, ಎಸ್ಟೇಟಿನ ಗೇಟು ದಾಟಿ ಎಂದೂ ಒಬ್ಬಳೇ ಹೋಗದ ನಾನು ಬಣಕಲ್ಲಿನವರೆಗೆ ಓಡಿದೆ. ಘಾಟಿ ಇಳಿಯುವ ಬಸ್ಸಿನಲ್ಲಿ, ಕಿಟಕಿಯ ಪಕ್ಕ ಕೂತಿದ್ದರು. ಅನ್ನದ ಕಟ್ಟು ಚಾಚಿದೆ. ಬಾಯಿ ಮಾತ್ರ ಮೊದಲಿನ ಹಾಗೆ ಹೊಲಿದುಕೊಂಡಿತ್ತು.

“ಸಿಟ್ಟು ಇಳಿಯಲಿಲ್ಲವಾ ಮಗಾ?” ಎಂದು ನಕ್ಕರು. ಆಮೇಲೆ ಕೂಸಿನ ಪಾದ ಹಿಡಿದುಕೊಂಡು ಹೇಳಿದರು: “ಹಡಗು ಮುಳುಗಿದ ದಿವಸ ನಾನು ದಡಕ್ಕೆ ಬಂದು ಬಿದ್ದೆ. ನನಗೆ ಬೈಲಿಕ್ಕೆ ಅಲ್ಲಿ ಒಬ್ರೂ ಇರ್ಲಿಲ್ಲ. ನಿನ್ನೆ ನೀನು ಬೈದಿಯಲ್ಲ, ಮನೆಯವರಿಗೆ ಬೈಯುವ ಹಾಗೆ. ನಂಗೆ ಅದು ಸಾಕು.”

ಬಸ್ಸು ಹೊರಟಿತು. ಅದು ತಿರುವಿನಲ್ಲಿ ಮರೆಯಾದ ಮೇಲೆ, ಮಕ್ಕಳೇ, ರಸ್ತೆಯ ನಡುವೆ ನಿಂತು, ಅಂಗಡಿಯವರೆಲ್ಲ ತಿರುಗಿ ನೋಡುವಷ್ಟು ಗಟ್ಟಿಯಾಗಿ ಕೂಗಿದೆ:

“ಹೋಗ್ಬೇಡಿ, ಸಣ್ಣಮಾವ!”